ದಿನ್ನಿಯಲ್ಲಿ ಬಂಡೆ ಇದೆ ಎಂದವರು

ಮೊದಲು ಆ ಫೋಟೋದ ವಿಚಾರ ಇತ್ಯರ್ಥವಾಗಲಿ.

ಎಳ್ಳಮಾಸಿ ಹಬ್ಬ ಕಳೆದ ನಾಲ್ಕನೆಯ ದಿನ ಯಲಬುರ್ಗಾದಲ್ಲಿ ಅವರ ಶ್ರದ್ಧಾಂಜಲಿ ಸಭೆ ನಡೆಯಿತು. ವೇದಿಕೆಯ ಹಿಂದೆ ಕಟ್ಟಿದ್ದ ಬ್ಯಾನರಿನಲ್ಲಿ ಅವರದೊಂದು ದೊಡ್ಡ ಫೋಟೋ. ತಲೆಯ ಮೇಲೆ ಬಿಳಿ ಟೊಪ್ಪಿಗೆ, ಬಣ್ಣಗೆಟ್ಟ ಖಾಕಿ ಅಂಗಿ, ಎರಡೂ ಕೈಯಲ್ಲಿ ಹಿಡಿದ ಬೇವಿನ ಸಸಿ. ಕೆಳಗೆ ಹಸಿರು ಅಕ್ಷರದಲ್ಲಿ ‘ವೃಕ್ಷಬಂಧು’. ಮಾತಾಡಿದವರೆಲ್ಲ ಒಂದೇ ಕತೆ ಹೇಳಿದರು. ಬೋಳು ನೆಲ ಕಂಡರೆ ಅವರ ಕರುಳು ಚುರುಕ್ಕೆನ್ನುತ್ತಿತ್ತಂತೆ. ಖಾಲಿ ಜಾಗ ಕಣ್ಣಿಗೆ ಬಿದ್ದರೆ ಅಲ್ಲೊಂದು ಸಸಿ ಊರದೆ ಮುಂದೆ ಹೋಗುತ್ತಿರಲಿಲ್ಲವಂತೆ. ಒಬ್ಬರಂತೂ, ಅವರು ಗಿಡಗಳ ಜೊತೆ ಮಾತಾಡುತ್ತಿದ್ದರು ಎಂದು ಹೇಳಿ ಕಣ್ಣೊರೆಸಿಕೊಂಡರು.

ಅವರು ಗಿಡದ ಜೊತೆ ಮಾತಾಡಿದ್ದನ್ನು ನಾನು ಒಮ್ಮೆ ಕೇಳಿದ್ದೇನೆ. ಹುಲ್ಲಿನ ನಡುವೆ ಯಾರೋ ನೆಟ್ಟು ಹೋಗಿದ್ದ ಸುಬಾಬುಲ್ ಸಸಿಯನ್ನು ಬೇರುಸಮೇತ ಕೀಳುತ್ತ, “ನಿಂದೇನು ತಪ್ಪಿಲ್ಲಪಾ, ತಂದು ಹಚ್ಚಿದೋರ ತಪ್ಪು” ಎಂದಿದ್ದರು. ಸಭೆಯಲ್ಲಿ ಈ ಮಾತು ಯಾರಿಗೂ ನೆನಪಾಗಲಿಲ್ಲ.

ಫೋಟೋ ಅವರದೇ. ಸಸಿಯೂ ನಿಜ. ಆದರೆ ಅದನ್ನು ತೆಗೆದ ದಿನ ನಾನು ಕ್ಯಾಮೆರಾದಿಂದ ನಾಲ್ಕು ಹೆಜ್ಜೆ ದೂರದಲ್ಲಿ ನಿಂತಿದ್ದೆ. ಅವರು ಅಂದು ಗಿಡ ನೆಡಲು ಬಂದಿರಲಿಲ್ಲ. ನೆಡಬೇಡಿ ಎಂದು ಕೇಳಿಕೊಳ್ಳಲು ಬಂದಿದ್ದರು.

ಅವರ ಹೆಸರನ್ನು ನಾನು ಬರೆಯುವುದಿಲ್ಲ. ಹೆಸರು ಬರೆದವರು ಅದರ ಕೆಳಗೆ ಏನೇನು ಸೇರಿಸಿದರೆಂದು ನೋಡಿಯಾಗಿದೆ. ನಾನು ಕರೆಯುತ್ತಿದ್ದಂತೆ ಚಾಚಾ ಎನ್ನುತ್ತೇನೆ.

ಯಲಬುರ್ಗಾದಿಂದ ಕುಷ್ಟಗಿಯ ಕಡೆಗೆ ಹೋಗುವಾಗ ಎಡಕ್ಕೊಂದು ಉದ್ದನೆಯ ದಿಬ್ಬ ಸಿಗುತ್ತದೆ. ಸುತ್ತಲಿನ ಊರಿನವರಿಗೆ ಅದು ಬರೀ ದಿನ್ನಿ. ಮೊಣಕಾಲೆತ್ತರದ ಹುಲ್ಲು, ಅಲ್ಲಲ್ಲಿ ಕಾರೆಮುಳ್ಳಿನ ಪೊದೆ, ನಡುವೆ ಮಳೆನೀರು ಕೊರೆದ ಸಣ್ಣ ಹಳ್ಳ, ದೂರದ ಗುಡ್ಡದ ಸಾಲಿನಲ್ಲಿ ತಿರುಗುವ ಗಾಳಿಯ ಫ್ಯಾನುಗಳು. ಮಳೆಗಾಲದ ಮೂರು ತಿಂಗಳು ಬಿಟ್ಟರೆ ವರ್ಷವಿಡೀ ಹಳದಿ. ಬಸ್ಸಿನ ಕಿಟಕಿಯಿಂದ ನೋಡಿದವರಿಗೆ ಅಲ್ಲಿ ಏನೂ ಇಲ್ಲ ಅನಿಸುತ್ತದೆ. ಕಾಗದಪತ್ರದಲ್ಲಿಯೂ ಅದಕ್ಕೆ ‘ಪಾಳು’ ಎಂದೇ ಹೆಸರು. ಚಾಚಾಗೆ ಈ ಪದ ಕೇಳಿದರೆ ಮೈ ಉರಿಯುತ್ತಿತ್ತು. “ಪಾಳು ಅಂತ ಯಾರ ಅಂದ್ರು? ಬಂದು ಒಂದ್ ದಿನ ಕುಂತು ನೋಡ್ಯಾರೇನು? ನಿಮ್ಮ ಮನ್ಯಾಗ ನೀವು ಇಲ್ಲದಾಗ ನಾ ಬಂದು ಬಾಗಲಾ ಬಡದು, ಯಾರೂ ಇಲ್ಲ, ಇದು ಪಾಳ ಮನಿ ಅಂತ ಬರಕೊಂಡು ಹೋದ್ರ ನಡೀತೈತೇನು?”

ಅಲ್ಲಿ ತೋಳಗಳಿದ್ದವು. ಈಗಲೂ ಇವೆ.

ಎದುರು ಪಕ್ಷಕ್ಕೂ ನ್ಯಾಯ ಸಲ್ಲಬೇಕು. ಚಾಚಾ ಗಿಡ ಬೆಳೆಸಿದ್ದು ಸುಳ್ಳಲ್ಲ. ತಳಕಲ್ ಹತ್ತಿರದ ಒಂದು ನರ್ಸರಿಯಲ್ಲಿ ದಿನಗೂಲಿಯ ಮೇಲೆ ಸಸಿ ಕಾಯುವ ಕೆಲಸ ಅವರದು. ಶಾಲೆಗಳ ಅಂಗಳ, ಬಸ್ಸು ನಿಲ್ಲುವ ಜಾಗ, ಹೊಲದ ಬದು, ಮಸೀದಿಯ ಓಣಿ, ಹನುಮಪ್ಪನ ಗುಡಿಯ ಕಟ್ಟೆ, ಎಲ್ಲೆಲ್ಲಿ ಮನುಷ್ಯರು ಬಿಸಿಲಲ್ಲಿ ನಿಲ್ಲುತ್ತಾರೋ ಅಲ್ಲೆಲ್ಲ ಅವರು ಬೆಳೆಸಿದ ಬೇವು, ಹೊಂಗೆ ಇವೆ. ಆದರೆ ಎಲ್ಲಿ ನೆಡಬಾರದು ಎಂಬುದನ್ನೂ ಅಷ್ಟೇ ಗಟ್ಟಿಯಾಗಿ ಹೇಳುತ್ತಿದ್ದರು. “ಬಸ್ ಕಾಯೋರ ತಲಿ ಮ್ಯಾಲ ನೆರಳು ಬೇಕು. ತ್ವಾಳಕ್ಕ ನೆರಳು ಬ್ಯಾಡ, ದೂರದ ತನಕ ಕಣ್ಣು ಹರೀಬೇಕು. ಉಪ್ಪು ಛಲೋದು ಅಂತ ಚಾದಾಗ ಹಾಕ್ತೀಯೇನು?” ವೇದಿಕೆಯ ಮೇಲಿದ್ದವರು ಮಾತಿನ ಮೊದಲ ಅರ್ಧವನ್ನು ಇಟ್ಟುಕೊಂಡು ಉಳಿದರ್ಧವನ್ನು ಅವರ ಜೊತೆಗೇ ಹೂತುಬಿಟ್ಟರು. ಚರ್ಚಾಸ್ಪರ್ಧೆಯಲ್ಲಿ ಯಾರಾದರೂ ಹೀಗೆ ಅರ್ಧ ಮಾತು ಉಲ್ಲೇಖಿಸಿದರೆ ತೀರ್ಪುಗಾರರು ಅಂಕ ಕಳೆಯುತ್ತಾರೆ. ಶ್ರದ್ಧಾಂಜಲಿಗೆ ತೀರ್ಪುಗಾರರಿರುವುದಿಲ್ಲ.

ಅವರದು ಗಾದಿ ಹೊಲಿಯುವ ಮನೆತನ. ಚಿಕ್ಕಂದಿನಲ್ಲಿ ತಂದೆಯ ಜೊತೆ ಉಣ್ಣೆ ಕೊಳ್ಳಲು ಕುರಿಹಟ್ಟಿಯಿಂದ ಕುರಿಹಟ್ಟಿಗೆ ನಡೆದವರು. ಕುಷ್ಟಗಿ, ಯಲಬುರ್ಗಾ, ಕೊಪ್ಪಳದ ಬಯಲಿನ ಕಾಲುದಾರಿಗಳೆಲ್ಲ ಅವರಿಗೆ ಆಗಲೇ ಪರಿಚಯ. ಹತ್ತಿ ಹಿಂಜುವವರು ಅರಳೆಯನ್ನು ಹೆಬ್ಬೆರಳು ತೋರುಬೆರಳ ನಡುವೆ ತಿಕ್ಕಿ ನೋಡುವುದುಂಟು. ಚಾಚಾ ಹುಲ್ಲನ್ನೂ ಹಾಗೆಯೇ ನೋಡುತ್ತಿದ್ದರು. ನಡೆಯುತ್ತ ನಡೆಯುತ್ತ ಬಗ್ಗದೇ ಒಂದು ಎಸಳು ಹಿಡಿದು, ತಿಕ್ಕಿ, ಬಿಟ್ಟುಬಿಡುತ್ತಿದ್ದರು. “ಇದು ಕರಡ. ಇದು ಹಂಚಿ. ಇದರ ಬುಡಕ್ಕ ನೆಲಗುಬ್ಬಿ ತತ್ತಿ ಇಡತೈತಿ, ಕಾಲು ನೋಡಿ ಇಡು.” ಒಮ್ಮೆಯೂ ಕಿತ್ತದ್ದನ್ನು ಕಾಣಲಿಲ್ಲ.

ಅವರು ತೋಳದ ಪರ ವಕಾಲತ್ತು ವಹಿಸಿದವರು, ಆದರೆ ತೋಳಕ್ಕಾಗಿ ಸುಳ್ಳು ಹೇಳಿದವರಲ್ಲ. ಒಂದು ಬೆಳಿಗ್ಗೆ ಕುರಿಗಾರ ಅಜ್ಜನೊಬ್ಬ ಸತ್ತ ಕುರಿಯ ಮುಂದೆ ನಿಂತು ಬಾಯಿಗೆ ಬಂದಂತೆ ಬೈಯುತ್ತಿದ್ದ. ಕೈಯಲ್ಲಿ ಹತ್ತಿ ಬೆಳೆಗೆ ಹೊಡೆಯುವ ವಿಷದೆಣ್ಣೆಯ ಬಾಟಲಿ. ಕುರಿಯ ಹೊಟ್ಟೆಗೆ ಅದನ್ನು ಸುರಿದು ಬಿಟ್ಟರೆ ತಿನ್ನಲು ಬಂದ ತೋಳ ಅಲ್ಲೇ ಸಾಯುತ್ತದೆ ಎಂಬುದು ಅವನ ಲೆಕ್ಕ.

“ನೋಡೋ ಸಾಬಾ, ನಿನ್ನ ಬೀಗರು ಮಾಡಿದ ಕೆಲಸ!” ಎಂದ ಅಜ್ಜ.

ಚಾಚಾ ಕೂತು ಕುರಿಯ ಕುತ್ತಿಗೆ ಸರಿಸಿ ನೋಡಿದರು. ನಾನು ಪಕ್ಕದಲ್ಲಿದ್ದೆ. ‘ನಾಯಿ ಕಚ್ಚಿದ್ದು’ ಎಂದುಬಿಟ್ಟರೆ ಕತೆ ಮುಗಿಯುತ್ತಿತ್ತು. ಅಜ್ಜನಿಗೆ ಕಣ್ಣು ಅಷ್ಟಕ್ಕಷ್ಟೇ.

“ತ್ವಾಳನ ಐತಿ,” ಎಂದರು ಚಾಚಾ. “ಸುಳ್ಳ ಯಾಕ ಹೇಳ್ಲಿ.”

“ಮತ್ತ ಸರಿ, ಹೊಡದ ಹಾಕ್ತೀನಿ.”

“ಹಾಕು. ಎಣ್ಣಿ ಹಾಕಿದ್ದು ತ್ವಾಳಕ್ಕ ಅಷ್ಟ ಅಂತ ನಾಯಿಗೆ ಗೊತ್ತಾಗತೈತೇನು? ನಿನ್ನ ಹಟ್ಟಿ ನಾಯಿನೂ ತಿಂತೈತಿ. ನಾಳಿ ರಾತ್ರಿ ಹಟ್ಟಿ ಯಾರ ಕಾಯ್ತಾರ, ನೀನೇನು? ನಿನಗ ಬೊಗಳಾಕರ ಬರತೈತೇನು?”

ಅಜ್ಜ ನಗಬಾರದೆಂದು ಬಹಳ ಕಷ್ಟಪಟ್ಟ. ಕಡೆಗೆ ಬಾಟಲಿ ಚೀಲಕ್ಕೆ ಹೋಯಿತು. ಹೋಗುವಾಗ, “ನನ್ನ ಅಪ್ಪ ತ್ವಾಳಕ್ಕೊಂದು ಪಾಲು ಅಂತ ಬಿಡತಿದ್ದ. ನಾವು ಅಷ್ಟು ದೊಡ್ಡವರಾಗಿಲ್ಲಪಾ” ಎಂದ. ಅಜ್ಜನ ಮನಸ್ಸು ಮತ್ತೆ ಬದಲಾದೀತೆಂದು ಚಾಚಾ ಬಿಸಿಲಲ್ಲಿ ಮಧ್ಯಾಹ್ನದವರೆಗೆ ಆ ಕುರಿಯ ಪಕ್ಕದಲ್ಲೇ ಕೂತಿದ್ದರು.

ಇಂಥವರು ನನ್ನ ಎದುರೇ ಒಂದು ಸುಳ್ಳು ಹೇಳಿದ್ದರು. ಅದನ್ನು ಸುಳ್ಳೆಂದು ಸಾಬೀತು ಮಾಡಿದವಳು ನಾನೇ.

ಅದು ಕುರಿಗಾರ ಅಜ್ಜನ ಪ್ರಸಂಗಕ್ಕೂ ಹಿಂದಿನ ಮಾತು. ನಾನಾಗ ಪದವಿಯ ಎರಡನೇ ವರ್ಷದಲ್ಲಿದ್ದೆ. ಜನವರಿಯಲ್ಲಿ ನಮ್ಮ ಕಾಲೇಜಿನ ಸೇವಾಶಿಬಿರ. ಮುಂದಿನ ಮಳೆಗಾಲಕ್ಕೆ ದಿನ್ನಿಯ ಮೇಲೆ ಸಸಿ ನೆಡಲು ಮುಂಗಡವಾಗಿ ಗುಂಡಿ ತೋಡುವುದು ನಮ್ಮ ಕೆಲಸ. ಶಿಬಿರದ ಮುಖ್ಯಸ್ಥರು ನನಗೆ ಚರ್ಚಾಸ್ಪರ್ಧೆ ಕಲಿಸಿದ ಸರ್. ಅವರ ಹೆಸರನ್ನೂ ಬರೆಯುವುದಿಲ್ಲ. ನನಗೆ ವಾದಿಸಲು ಕಲಿಸಿದವರು ಅವರು, ಆ ಋಣ ನನ್ನ ಮೇಲಿದೆ. ಸರ್ ಕಲಿಸಿದ ಮೊದಲ ನಿಯಮ ಇಂದಿಗೂ ಬಾಯಿಪಾಠ: ಖಂಡಿಸುವ ಮುಂಚೆ ಎದುರಾಳಿಯ ವಾದವನ್ನು ನೀನೇ ಹೇಳು, ಹೇಗೆ ಹೇಳಬೇಕೆಂದರೆ ಅವನೇ ಕೇಳಿ ‘ಹೌದು, ನಾನು ಹೇಳಿದ್ದು ಇದನ್ನೇ’ ಎಂದು ತಲೆಯಾಡಿಸಬೇಕು. ಆಮೇಲೆ ಬೇಕಾದರೆ ಸೀಳಿಹಾಕು.

ಗುಂಡಿಯ ಜಾಗಕ್ಕೆ ಸುಣ್ಣದ ಗುರುತು ಹಾಕಲು ನರ್ಸರಿಯಿಂದ ಚಾಚಾ ಬಂದಿದ್ದರು. ಸಾಲುಗಳು ನೂಲು ಹಿಡಿದಂತೆ ನೇರವಾಗಿದ್ದವು. ಆದರೆ ಹಳ್ಳದ ಅಂಚಿಗೆ ಎರಡು ಕಣದಷ್ಟು ಜಾಗ ದುಂಡಗೆ ಖಾಲಿ.

“ಇಲ್ಲಿ ಯಾಕ ಬಿಟ್ರಿ ಚಾಚಾ?” ಎಂದರು ಸರ್.

“ಕೆಳಗ ಬಂಡಿಗಲ್ಲ ಐತ್ರಿ ಸರ್. ಹಾರಿ ಇಳಿಯಂಗಿಲ್ಲ.”

ನನಗೆ ಚಾಚಾ ಯಾರೆಂದು ಗೊತ್ತಿರಲಿಲ್ಲ. ಒಬ್ಬ ಕೂಲಿಯಾಳು ಮೈಗಳ್ಳತನಕ್ಕೆ ನೆಪ ಹೇಳುತ್ತಿದ್ದಾನೆ ಎಂದುಕೊಂಡೆ. “ಪುರಾವೆ ಏನೈತ್ರಿ?” ಎಂದೆ.

“ಕಲ್ಲಿಗೆ ಏನು ಪುರಾವಿ ಕೇಳ್ತೀಯವಾ? ಕಲ್ಲು ಕಲ್ಲ.”

ಹುಡುಗರು ನಕ್ಕರು. ನನಗೆ ನಗೆ ಸಹಿಸಲಾಗುವುದಿಲ್ಲ. ಹತ್ತಿರವಿದ್ದವನ ಕೈಯಿಂದ ಹಾರೆ ಕಿತ್ತುಕೊಂಡು ಆ ದುಂಡಗಿನ ಜಾಗದ ನಡುವೆ ನಿಂತು ಎತ್ತಿ ಹಾಕಿದೆ. ಹಾರೆ ಗೇಣುದ್ದ ಇಳಿಯಿತು. ಎರಡು ಹೆಜ್ಜೆ ಸರಿದು ಮತ್ತೆ ಹಾಕಿದೆ. ಅಲ್ಲಿಯೂ ಇಳಿಯಿತು. ಮೂರನೆಯ ಸಲ ಹಾರೆಯನ್ನು ನೆಟ್ಟಗೆ ಅಲ್ಲೇ ನಿಲ್ಲಿಸಿ, “ಎಲ್ಲೈತ್ರಿ ಬಂಡಿ?” ಎಂದು ಕೂಗಿದೆ. ಚಪ್ಪಾಳೆ ಬಿತ್ತು. ಸರ್ ಕೂಡ ತಟ್ಟಿದರು. ಅಷ್ಟು ಶುದ್ಧವಾದ ಗೆಲುವು ನನಗೆ ಯಾವ ವೇದಿಕೆಯ ಮೇಲೂ ಸಿಕ್ಕಿರಲಿಲ್ಲ.

ಚಾಚಾ ಹಾರೆಯನ್ನು ನೋಡಿದರು, ಹಳ್ಳದ ಅಂಚನ್ನು ನೋಡಿದರು, ಆಮೇಲೆ ನನ್ನನ್ನು. ತೀರ ಮೆಲ್ಲಗೆ, ನನಗೊಬ್ಬಳಿಗೇ ಕೇಳುವಂತೆ, “ಬೇಟಿ, ನೀ ಗೆದ್ದಿ. ಈಗ ಹಾರಿ ಕೆಳಗ ಇಡು” ಎಂದರು. ನಾನು ಇಡಲಿಲ್ಲ. ಅವರು ಸರ್ ಹತ್ತಿರ ಹೋಗಿ “ಸರ್, ಒಂದ್ ಮಾತ ಐತ್ರಿ” ಎಂದರು. ಸರ್ ಆಗಲೇ ಹುಡುಗರಿಗೆ ಜಾಗ ಹಂಚುತ್ತಿದ್ದರು.

ಹಳ್ಳದ ಅಂಚಿನ ಕಾರೆಪೊದೆಯ ಬುಡದಲ್ಲಿ ತೋಳದ ಗೂಡಿತ್ತು. ಅರ್ಧ ಗಂಟೆಯಲ್ಲಿ ಗುದ್ದಲಿಯ ಏಟಿಗೆ ಅದರ ಒಂದು ಬದಿ ಕುಸಿಯಿತು. “ನರಿ ಮರಿ! ನರಿ ಮರಿ!” ಎಂಬ ಕೂಗು. ಮೂರು ಮರಿಗಳು, ಮಣ್ಣಿನ ಬಣ್ಣದವು. ಎತ್ತಿಕೊಂಡರು, ಮುತ್ತಿಟ್ಟರು, ಸಾಲಾಗಿ ನಿಂತು ಮೊಬೈಲಿಗೆ ಮುಖ ಕೊಟ್ಟರು. ನಾನೂ ಒಂದನ್ನು ಎತ್ತಿಕೊಂಡಿದ್ದೆ. ಎದೆಗೆ ತಾಗಿದ ಅದರ ಬಿಸಿ ನೆನಪಿದೆ. ಚಾಚಾ ಒಬ್ಬೊಬ್ಬರ ಕೈಯಿಂದಲೂ ಮರಿಗಳನ್ನು ಇಸಿದುಕೊಂಡು, ಗೂಡಿನ ಉಳಿದ ಭಾಗಕ್ಕೆ ಸೇರಿಸಿ, ಬಾಯಿಯ ಮುಂದೆ ಕೂತುಬಿಟ್ಟರು. ಅವರು ಬೈದಿದ್ದರೆ ಎದುರುವಾದ ಮಾಡುತ್ತಿದ್ದೆ. ನಾವು ಅಲ್ಲೇ ಊಟ ಮಾಡಿ, ಚಿತ್ರಾನ್ನ ಮೆತ್ತಿದ ಎಲೆಗಳನ್ನು ಹಳ್ಳಕ್ಕೆ ಎಸೆದು, ಪರಿಸರಗೀತೆ ಹಾಡಿ ಬಸ್ಸು ಹತ್ತಿದೆವು.

ಆಮೇಲಿನದು ನನಗೆ ನರ್ಸರಿಯವರಿಂದ ತಿಳಿದದ್ದು: ತಾಯಿ ಬರಲೆಂದು ಕತ್ತಲಾದ ಮೇಲೆ ಚಾಚಾ ದೂರ ಸರಿದರು, ಚಿತ್ರಾನ್ನದ ವಾಸನೆಗೆ ಊರ ನಾಯಿಗಳು ಬಂದವು. ಮರುದಿನ ಬೆಳಿಗ್ಗೆ ಎರಡು ಮರಿಗಳು ಕಾಣಲಿಲ್ಲ; ತಾಯಿ ಕಚ್ಚಿಕೊಂಡು ಹೋಗಿದ್ದರೂ ಹೋಗಿರಬಹುದು. ಮೂರನೆಯದು ಗೂಡಿನ ಬಾಯಲ್ಲೇ ಇತ್ತು. ಅದನ್ನು ನಾಯಿಗಳು ಏನು ಮಾಡಿದ್ದವೆಂದು ಬರೆಯುವುದಿಲ್ಲ. ಮಣ್ಣು ಕೊಟ್ಟವರು ಚಾಚಾ.

ಹದಿನೈದು ದಿನ ಬಿಟ್ಟು ಅವರ ಮನೆ ಹುಡುಕಿಕೊಂಡು ಹೋದೆ. ಅಂಗಳದಲ್ಲಿ ಹಳೆಯ ಗಾದಿ ಬಿಚ್ಚಿ ಗಂಟುಗಟ್ಟಿದ ಹತ್ತಿ ಬಿಡಿಸುತ್ತಿದ್ದರು. ಬಸ್ಸಿನಲ್ಲಿ ಇಡೀ ದಾರಿ ಕ್ಷಮೆಯ ಮಾತು ಜೋಡಿಸಿಕೊಂಡು ಬಂದಿದ್ದವಳ ಬಾಯಿಂದ ಹೊರಬಿದ್ದದ್ದು: “ಚಾಚಾ, ನೀವು ಖರೇ ಹೇಳಬೇಕಾಗಿತ್ತು.”

ಅವರು ಹತ್ತಿಯ ಧೂಳಿನಲ್ಲಿ ಕೆಮ್ಮುತ್ತ ನಕ್ಕರು. “ಮಾಫಿ ಕೇಳಾಕ ಬಂದೀಯೋ, ಕೇಸ್ ಹಾಕಾಕ ಬಂದೀಯೋ? ಏ, ಇಲ್ಲೆ ಬಾ, ವಕೀಲ್ರು ಬಂದಾರ, ಚಾ ಇಡು” ಎಂದು ಒಳಗೆ ಕೂಗಿದರು. ಚಾಚಿ ಹೊರಗೆ ಬಂದು ನನ್ನನ್ನು ಮೇಲಿಂದ ಕೆಳಗೆ ನೋಡಿ, “ಇವಳನಾ? ಇಷ್ಟ ಅದಾಳ!” ಎಂದರು.

“ಖರೇ ಹೇಳಿದ್ದೆ, ಎರಡು ವರ್ಷದ ಹಿಂದ,” ಎಂದರು ಚಾಚಾ. “ಅಲ್ಲೆ ತ್ವಾಳದ ಗೂಡ ಐತಿ, ಹೋಗಬ್ಯಾಡ್ರಿ ಅಂತ ಹೇಳಿದೆ. ಮರುದಿನ ಮೋಟರ್ ಸೈಕಲ್ ತಗೊಂಡು ನೋಡಾಕ ಬಂದ್ರು. ನಾಯಿ ಕರಕೊಂಡು ಬಂದ್ರು. ಕಲ್ಲು ಐತಿ ಅಂದ್ರ ಯಾರೂ ನೋಡಾಕ ಬರೂದಿಲ್ಲ ನೋಡು.” ಸ್ವಲ್ಪ ಹೊತ್ತು ಹತ್ತಿ ಬಿಡಿಸಿದರು. “ಆ ಸುಳ್ಳು ಭಾಳ ದಿನ ತಾಳಿತ್ತು. ನಿನ್ನಂಥಾ ಶಾಣ್ಯಾ ಯಾರೂ ಬಂದಿರಲಿಲ್ಲ.”

ಅಂದು ಚಾ ಕುಡಿದು, ಅವರ ಜೊತೆ ಕೂತು ಸಂಜೆಯವರೆಗೆ ಹತ್ತಿ ಬಿಡಿಸಿದೆ.

ಆಮೇಲೆ ರಜೆ ಸಿಕ್ಕಾಗಲೆಲ್ಲ ಬೆಳಗಿನ ಮೊದಲ ಬಸ್ಸಿಗೆ ದಿನ್ನಿಗೆ ಹೋಗತೊಡಗಿದೆ. ಚಾಚಾ ನನ್ನನ್ನು ಹುಲ್ಲಿನಲ್ಲಿ ಬೋರಲು ಮಲಗಿಸಿ, ಮಾತಾಡಬಾರದು ಎಂಬ ಒಂದೇ ಷರತ್ತು ಹಾಕುತ್ತಿದ್ದರು. “ನಿನಗ ಇದು ಜೇಲು, ಗೊತ್ತೈತಿ.” ಮೂರು ಸಲ ಹೋದರೂ ಇರುವೆ ಬಿಟ್ಟು ಏನೂ ಕಾಣಲಿಲ್ಲ. ನಾಲ್ಕನೆಯ ಸಲ ತೋಳ ಕಂಡಿತು. ಬಡಕಲು ಮೈ, ಉದ್ದ ಕಾಲು, ಒಣಹುಲ್ಲಿನದೇ ಬಣ್ಣ. ನನಗೆ ನಿರಾಶೆಯಾಯಿತು.

“ಏನ್ ಚಾಚಾ, ನಾಯಿ ಇದ್ದಂಗ ಐತಿ!”

“ಮೆಲ್ಲಗ. ನಿನ್ನ ನೋಡಿ ಅದೂ ಹಂಗ ಅಂದಿರಬೇಕು.”

ಅವರಿಗೆ ಕಿನ್ನಾಳದಲ್ಲಿ ಗೊಂಬೆ ಮಾಡುವ ಸ್ನೇಹಿತರೊಬ್ಬರಿದ್ದರು. ಒಂದು ತೋಳ ಮಾಡಿಕೊಡಿ ಎಂದು ಚಾಚಾ ಕೇಳಿದಾಗ, “ತ್ವಾಳ ಯಾರ ಮನ್ಯಾಗ ಇಟಗೋತಾರ ಸಾಹೇಬ್ರ? ಹುಲಿ ಮಾಡ್ತೀನಿ, ಬೇಕಾದ್ರ ಆನಿ ಮಾಡ್ತೀನಿ” ಎಂದರಂತೆ. ಚಾಚಾ ಬಿಡಲಿಲ್ಲ. ಪಕ್ಕದಲ್ಲೇ ಕೂತು, ಬಾಲ ಕೆಳಗಿರಬೇಕು, ನಾಯಿಯದು ಮಾತ್ರ ಮೇಲೆ, ಎಂದು ತಿದ್ದಿಸಿ ತಿದ್ದಿಸಿ ಮಾಡಿಸಿದರು. ಬಾಲ ಸರಿಯಾಗಿ ಬಂತು. ಆದರೆ ಕೈಯ ರೂಢಿ ಬಿಡಲಾರದೆ ಆ ಸ್ನೇಹಿತರು ತೋಳದ ಕೊರಳಿಗೊಂದು ಬಂಗಾರದ ಬಣ್ಣದ ಹಾರ ಬರೆದುಬಿಟ್ಟಿದ್ದರು. “ಇರಲಿ ಬಿಡು,” ಎನ್ನುತ್ತಿದ್ದರು ಚಾಚಾ, “ಒಬ್ಬರರ ಅದಕ್ಕ ಮರ್ಯಾದಿ ಮಾಡ್ಯಾರ.”

ಒಂದು ದಿನ ನರ್ಸರಿಯ ಕಟ್ಟೆಯ ಮೇಲೆ ಕೂತು ಅವರಿಗೆ ನನ್ನ ಮೊಬೈಲಿನಲ್ಲಿ ದೇಶದ ವನ್ಯಜೀವಿಗಳ ವಿಡಿಯೋ ತೋರಿಸಿದೆ. ಮೊದಲು ಹಿಮಾಲಯದ ಬೋಳು ಬೆಟ್ಟ, ಬಂಡೆಯ ಬಣ್ಣಕ್ಕೆ ಬಣ್ಣ ಕೂಡಿಸಿ ಕೂತ ಹಿಮಚಿರತೆ. ಚಾಚಾ ಕಣ್ಣು ಕಿರಿದು ಮಾಡಿ ನೋಡಿದರು. ಆಮೇಲೆ ರಾಜಸ್ಥಾನದ ಮರುಭೂಮಿ. ಉಸುಕು, ಒಣ ಹುಲ್ಲು, ಅದರ ನಡುವೆ ಕತ್ತೆತ್ತಿ ದೊರೆಯ ಗತ್ತಿನಲ್ಲಿ ನಡೆಯುವ ಒಂದು ದೊಡ್ಡ ಹಕ್ಕಿ. ಅವರು ನನ್ನ ಮೊಣಕೈ ಗಟ್ಟಿಯಾಗಿ ಹಿಡಿದುಕೊಂಡರು.

“ಏ! ಇದು ನಮ್ಮ ಎರಿಭೂತ ಅಲ್ಲೇನು?”

ಹೌದು, ಅದೇ. ಚಿಕ್ಕಂದಿನಲ್ಲಿ ತಂದೆಯ ಹಿಂದೆ ಉಣ್ಣೆಯ ಗಂಟು ಹೊತ್ತು ಕುಷ್ಟಗಿಯ ಎರೆಹೊಲ ದಾಟುವಾಗ ಅದನ್ನು ಕಂಡಿದ್ದರಂತೆ. ಮನುಷ್ಯರ ಹಾಗೆ ನಡೆದು ಬರುತ್ತಿದ್ದ ಅದಕ್ಕೆ ಹೆದರಿ ಗಂಟು ಬಿಸಾಕಿ ಓಡಿದ್ದರಂತೆ. ವಿಡಿಯೋವನ್ನು ಮೂರು ಸಲ ಹಾಕಿಸಿಕೊಂಡರು. “ಅಲ್ಲೀತನಕ ಹೋಗ್ಯಾವೇನು ಪಾಪ,” ಎಂದರು. ಹೋಗಲಿಲ್ಲ ಚಾಚಾ, ಅವು ಅಲ್ಲಿ ಮೊದಲಿಂದ ಇದ್ದವು, ಇಲ್ಲಿದ್ದವು ಮುಗಿದವು ಎಂದು ಹೇಳಲು ನನಗೆ ಬಾಯಿ ಬರಲಿಲ್ಲ.

ಸ್ವಲ್ಪ ಹೊತ್ತಿನ ಮೇಲೆ ಅವರೇ ಕೇಳಿದರು. “ಬರ್ಫದ ಗುಡ್ಡದಾಗ ಗಿಡಾ ಇಲ್ಲ. ಉಸುಕಿನ್ಯಾಗ ಗಿಡಾ ಇಲ್ಲ. ಅಲ್ಲೆ ಹೋಗಿ ಯಾರರ ಬೇವಿನ ಸಸಿ ಹಚ್ಯಾರೇನು?”

“ಇಲ್ರಿ.”

“ಗುಡ್ಡ ಗುಡ್ಡ ಇದ್ರ ಛಲೋ, ಉಸುಕು ಉಸುಕ ಇದ್ರ ಛಲೋ. ನಮ್ಮ ಹುಲ್ಲು ಏನ್ ಪಾಪ ಮಾಡೈತಿ?”

ನಾನು ರಾಜ್ಯಮಟ್ಟದ ಸ್ಪರ್ಧೆಗಳಲ್ಲಿ ಪರಿಸರದ ಬಗ್ಗೆ ಪರವಾಗಿಯೂ ವಿರೋಧವಾಗಿಯೂ ಮಾತಾಡಿದ್ದೇನೆ. ಈ ಪ್ರಶ್ನೆಯನ್ನು ಎದುರಿಸುವ ವಾಕ್ಯ ನನ್ನ ಟಿಪ್ಪಣಿಗಳಲ್ಲಿ ಎಲ್ಲಿಯೂ ಇಲ್ಲ. ಹಿಮಕ್ಕೂ ಮರಳಿಗೂ ಅವುಗಳ ಬೋಳುತನವನ್ನು ಮನ್ನಿಸುವ ನಾವು ಮನೆಯ ಹಿಂದಿನ ಹುಲ್ಲನ್ನು ಕಂಡರೆ ನಾಚಿಕೊಳ್ಳುತ್ತೇವೆ, ಬೇಗ ಬೇಗ ಏನನ್ನಾದರೂ ಹೊದಿಸುತ್ತೇವೆ. ಹೊದಿಸಿದ್ದಕ್ಕೆ ಸಂರಕ್ಷಣೆ ಎನ್ನುತ್ತೇವೆ. ಚಿರತೆ, ಹುಲಿಯ ಮೇಲೆ ಉಪನ್ಯಾಸ ಕೊಡುವವರಿಗೆ ತೋಳ ಬೇಡ. ಅದು ನೋಡಲು ನಾಯಿಯ ಹಾಗಿದೆ. ನನಗೂ ಹಾಗೇ ಅನಿಸಿತ್ತಲ್ಲ.

ಶಿಬಿರದ ಗುಂಡಿಗಳಲ್ಲಿ ನೆಟ್ಟ ಸಸಿಗಳು ಒಂದು ಬೇಸಿಗೆಯನ್ನೂ ದಾಟಲಿಲ್ಲ. ನೀರುಣಿಸಲು ಯಾರೂ ಬರಲಿಲ್ಲ. ಗುಂಡಿಗಳು ಮಾತ್ರ ಉಳಿದವು. ತೋಳಗಳು ದಿನ್ನಿಯ ಕೆಳಗಿನ ಅರ್ಧ ಬಿಟ್ಟು ಮೇಲಿನ ಅರ್ಧಕ್ಕೆ ಸರಿದವು. ಅಷ್ಟರಲ್ಲಿ ಸರ್ ಒಂದು ಹಸಿರು ಬಳಗ ಕಟ್ಟಿ, ಮೇಲಿನ ಅರ್ಧದಲ್ಲೂ ನೆಡುತ್ತೇವೆ ಎಂದು ಸಾರಿದರು.

ಆಗ ಚಾಚಾ ಅರ್ಜಿ ಬರೆಸಬೇಕೆಂದರು. ಅವರಿಗೆ ಉರ್ದುವಿನಲ್ಲಿ ಸಹಿ ಹಾಕಲು ಬರುತ್ತಿತ್ತು, ಕನ್ನಡ ಬರೆಯಲು ಬರುತ್ತಿರಲಿಲ್ಲ. ನಾನು ನಾಲ್ಕು ಪುಟ ಬರೆದು ಓದಿದೆ. ಹುಲ್ಲುಗಾವಲು ಎಂದರೇನು, ಅದರಲ್ಲಿ ಏನೇನು ಬದುಕುತ್ತದೆ, ಒಂದೊಂದಾಗಿ. ಚಾಚಾ ಕಣ್ಣು ಮುಚ್ಚಿ ಕೇಳಿದರು. “ಛಲೋ ಐತಿ. ಓದೂದ್ರಾಗ ಮಳಿಗಾಲ ಮುಗೀತೈತಿ. ಮೂರ ಮಾತ ಬರಿ ಸಾಕು.” ಅವರು ಹೇಳಿದಂತೆಯೇ ಬರೆದೆ:

“ದಿನ್ನಿ ಮ್ಯಾಲ ಹುಲ್ಲು ಐತಿ. ಹುಲ್ಲಿನ್ಯಾಗ ತ್ವಾಳ ಅದಾವ. ಗಿಡಾ ಬ್ಯಾರೆ ಕಡೆ ಹಚ್ರಿ, ಜಾಗಾ ನಾ ತೋರಸ್ತೀನಿ.”

ಕೆಳಗೆ ಅವರ ಸಹಿ.

ದಿನ್ನಿಯ ಮೇಲೆ ಬಳಗದ ಮೊದಲ ಕಾರ್ಯಕ್ರಮದ ದಿನ ಒಗೆದ ಖಾಕಿ ಅಂಗಿ ತೊಟ್ಟು ಬಂದು, ಚಾಚಾ ಆ ಅರ್ಜಿಯನ್ನು ಎರಡೂ ಕೈಯಲ್ಲಿ ಹಿಡಿದು ಸರ್ ಮುಂದೆ ನೀಡಿದರು. ಸರ್ ಅದನ್ನು ತೆಗೆದುಕೊಂಡು, ಮಡಚಿ, ಜೇಬಿಗೆ ಹಾಕಿಕೊಂಡು, ಅವರ ಭುಜ ತಟ್ಟಿದರು. “ನೋಡ್ರಿ, ಎಂಥಾ ನಿಸರ್ಗಪ್ರೇಮಿ! ಕರಿಯದಿದ್ರೂ ಬಂದಾರ.” ಯಾರೋ ಓಡಿಬಂದು ಖಾಲಿಯಾದ ಆ ಕೈಗಳಲ್ಲಿ ಬೇವಿನ ಸಸಿ ಇಟ್ಟರು. ಕೈ ಇನ್ನೂ ಅರ್ಜಿ ಹಿಡಿದ ಹಾಗೆಯೇ ಮುಂದೆ ಚಾಚಿತ್ತು. ಕ್ಲಿಕ್.

ಬ್ಯಾನರಿನ ಫೋಟೋ ಅದೇ. ದೊಡ್ಡದು ಮಾಡಿದ್ದಾರಲ್ಲ, ಮುಖ ಸರಿಯಾಗಿ ನೋಡಿ. ಅದು ಗಿಡ ಕೊಡುವವರ ಮುಖವಲ್ಲ. ಮಾತು ಅರ್ಧಕ್ಕೇ ನಿಂತವರ ಮುಖ.

ಅಂದು ನೆಟ್ಟದ್ದು ಐದು ಸಸಿ. ಫೋಟೋಗಳಿಗೆ ಅಷ್ಟು ಸಾಕಾಯಿತು. ಉಳಿದದ್ದು ಮುಂದೆ ನೋಡೋಣ ಎಂದಾಯಿತು. ಸರ್ ಅರ್ಜಿಗೆ ಏನಂದರು ಎಂದು ಚಾಚಾ ಆಮೇಲೆ ಸಿಕ್ಕಾಗಲೆಲ್ಲ ನನ್ನನ್ನು ಕೇಳುತ್ತಿದ್ದರು. “ಓದಿರತಾರ. ಸಾಲಿ ಕಲಿಸೋರು, ಓದದ ಇರತಾರೇನು?” ಎಂದು ತಾವೇ ಸಮಾಧಾನ ಮಾಡಿಕೊಳ್ಳುತ್ತಿದ್ದರು. ಹೋದ ತಿಂಗಳು ನಾಲ್ಕು ದಿನದ ಜ್ವರದಲ್ಲಿ ತೀರಿಹೋದರು. ಕೊನೆಯ ಸಲ ನೋಡಲು ಹೋದಾಗಲೂ ಕೇಳಿದ್ದು ಅದನ್ನೇ. ಗೂಡಿನ ಮೇಲೆ ಆಣೆಯಿಟ್ಟು ಹೇಳಬಲ್ಲೆ, ಅವರಿಗೆ ಸರ್ ಮೇಲೆ ನಂಬಿಕೆ ಇತ್ತು.

ಸಭೆಯ ಕೊನೆಗೆ ಸರ್ ಘೋಷಣೆ ಮಾಡಿದರು. ಬರುವ ಭಾನುವಾರ ದಿನ್ನಿಯ ಮೇಲಿನ ಅರ್ಧದಲ್ಲಿ ಚಾಚಾ ಹೆಸರಿನ ಸ್ಮೃತಿವನಕ್ಕೆ ಗುಂಡಿ ತೋಡುವ ಕೆಲಸ ಶುರು. ಈ ಸಲ ಹುಡುಗರ ಕೈಯ ಹಾರೆಯಲ್ಲ, ಜೆಸಿಬಿ. ಚಪ್ಪಾಳೆ. ಶಾಲು ಹೊದ್ದು ವೇದಿಕೆಯಲ್ಲಿ ಕೂತಿದ್ದ ಚಾಚಿ ಇಳಿದು ಬಂದು ನನ್ನ ಕೈ ಹಿಡಿದರು. “ಬೇಟಿ, ಇವ್ರು ದಿನ್ನಿ ಅಂದ್ರಲ್ಲಾ, ಅದು ನಮ್ಮವ್ರು ಬ್ಯಾಡ ಅಂತಿದ್ದ ದಿನ್ನಿನ ಏನು?” ನಾನು ಹೌದೆಂದೆ. “ಮತ್ತ ಅವರ ಹೆಸರು ಯಾಕ ಹಚ್ಚಾಕತ್ತಾರ?”

ಮೊನ್ನೆ ಬೆಳಿಗ್ಗೆ ದಿನ್ನಿಗೆ ಹೋಗಿದ್ದೆ. ಮೇಲಿನ ಹಳ್ಳದ ಉಸುಕಿನಲ್ಲಿ ದೊಡ್ಡ ಹೆಜ್ಜೆಗಳ ಪಕ್ಕ ಸಣ್ಣ ಹೆಜ್ಜೆಗಳು ಇದ್ದವು. 'ಮರಿಗಳಿವೆ' ಎಂದು ಬರೆಯುವಾಗ, ಚಾಚಾ ಕಲಿತ ಪಾಠ ಮರೆತು ಜಾಗವನ್ನೇ ತೋರಿಸಿಕೊಡುತ್ತಿದ್ದೇನೆಯೇ ಎಂದು ಕೈ ತಡೆಯಿತು. ಜೆಸಿಬಿ ಬರುವ ಜಾಗದಲ್ಲಿ ಬಂಡೆ ಇದೆ ಎನ್ನುವ ಸುಳ್ಳಾದರೂ ಎಷ್ಟು ಹೊತ್ತು ತಾಳೀತು? ಆದ್ದರಿಂದ ಬರೆದೇ ಬರೆದೆ.

ಸಭೆ ಮುಗಿದು ಸರ್ ಕಾರು ಹತ್ತುವಾಗ ಅಡ್ಡ ನಿಂತು ಒಂದು ಪ್ರಶ್ನೆ ಕೇಳಿದ್ದೆ. “ನೀನು ಈಗ ದುಃಖದಲ್ಲಿದ್ದೀ, ಆಮೇಲೆ ಮಾತಾಡೋಣ” ಎಂದು ಬಾಗಿಲು ಹಾಕಿಕೊಂಡರು. ನನಗೆ ದುಃಖವಿರಲಿಲ್ಲ, ಸಿಟ್ಟಿತ್ತು. ಅದು ಇನ್ನೂ ಇಳಿದಿಲ್ಲ. ಎಲ್ಲರೂ ಓದುವ ಹಾಗೆ ಅದೇ ಪ್ರಶ್ನೆಯನ್ನು ಇಲ್ಲಿ ಮತ್ತೆ ಇಡುತ್ತಿದ್ದೇನೆ. ನಿಯಮ ನಿಮ್ಮದೇ ಸರ್, ನೀವೇ ನನಗೆ ಕಲಿಸಿದ್ದು. ಭಾನುವಾರ ಆ ಜೆಸಿಬಿ ದಿನ್ನಿ ಹತ್ತುವ ಮುಂಚೆ, ಚಾಚಾ ಬದುಕಿದ್ದು ಕೇಳಿಸಿಕೊಂಡರೆ ‘ಹೌದ್ರಿ, ನಾ ಅಂದದ್ದು ಇದನ್ನ’ ಎಂದು ತಲೆಯಾಡಿಸುವ ಹಾಗೆ, ಅಂದು ಎರಡೂ ಕೈಯಲ್ಲಿ ಹಿಡಿದುಕೊಂಡು ಬಂದು ಅವರು ನಿಮ್ಮನ್ನು ಏನು ಕೇಳಿಕೊಂಡಿದ್ದರು ಎಂದು ಹೇಳಬಲ್ಲಿರಾ?